ಐರ್ಲೆಂಡಿನಲ್ಲಿ ರೈಲು ಕಂಪನಿಯೊಂದು ಇಡೀ ಕಾಲುವೆಯನ್ನೇ ಕೊಂಡಿದ್ದು ಯಾಕೆ?

ನೀರಿಗಲ್ಲ, ಪಕ್ಕದ ಜಾಗಕ್ಕೆ! ಡಬ್ಲಿನ್‌ನಿಂದ ಶಾನನ್ ನದಿಗೆ ಹೋಗುವ ರಾಯಲ್ ಕಾಲುವೆಯ ಕೆಲಸ 1790ರಲ್ಲಿ ಶುರುವಾಗಿ ಮುಗಿದಿದ್ದು 1817ರಲ್ಲಿ. ಅಷ್ಟರಲ್ಲಿ ತೋಡಿಸಲು ಹೊರಟ ಕಂಪನಿಯೇ ದಿವಾಳಿ. 1845ರಲ್ಲಿ ಮಿಡ್‌ಲ್ಯಾಂಡ್ ಗ್ರೇಟ್ ವೆಸ್ಟರ್ನ್ ರೈಲ್ವೆ ಅದನ್ನು ಕೊಂಡಿತು. ನೀರು ಬತ್ತಿಸಿ ಅಲ್ಲೇ ಹಳಿ ಹಾಕುವ ಯೋಚನೆಯೂ ಇತ್ತಂತೆ. ಆದರೆ ಕಾಲುವೆಯನ್ನು ನಡೆಸಿಕೊಂಡು ಹೋಗಲೇಬೇಕೆಂದು ಕಾನೂನು ಹೇಳಿತ್ತು. ಸರಿ, ದಡದಲ್ಲೇ ಹಳಿ ಹಾಕಿದರು. ಜಾಗ ಹೆಚ್ಚುಕಡಿಮೆ ಸಮತಟ್ಟು, ಹೊಲದವರ ಹತ್ತಿರ ಚೌಕಾಸಿ ಮಾಡುವ ತಾಪತ್ರಯವೂ ಕಡಿಮೆ ಅಲ್ವಾ? 1848ರಲ್ಲಿ ರೈಲು ದೇಶದ ನಡುಭಾಗದ ಮಲ್ಲಿಂಗಾರ್ ಪಟ್ಟಣ ಮುಟ್ಟಿತು.

ದೋಣಿಗಳ ವ್ಯಾಪಾರ ಮೆಲ್ಲಗೆ ರೈಲಿನ ಪಾಲಾಯಿತು. 1961ರಲ್ಲಿ ಮುಚ್ಚಿದ ಕಾಲುವೆ 2010ರಲ್ಲಿ ಪೂರ್ತಿ ತೆರೆಯಿತು. ದೋಣಿ ಎಳೆಯುತ್ತಿದ್ದ ಕುದುರೆಗಳ ಹಗ್ಗ ಉಜ್ಜಿ ಉಜ್ಜಿ ಸೇತುವೆಯ ಕಲ್ಲಿನಲ್ಲಿ ಬಿದ್ದ ಗೀರುಗಳು ಈಗಲೂ ಕಾಣುತ್ತವೆ.