ಅಭಿಮಾನಿಗಳ ಕೂಗು ಸ್ಟುಡಿಯೊದೊಳಗೆ ಯಾವಾಗ ಕೇಳಿಸುತ್ತದೆ?

ಅಂತರ್ಜಾಲದಲ್ಲಿ ಅಭಿಮಾನಿಗಳು ನಡೆಸುವ ಅಭಿಯಾನಗಳಿಗೆ ಮಣಿದು ಚಿತ್ರ ನಿರ್ಮಾಣ ಸಂಸ್ಥೆಗಳು ನಿಜವಾಗಿಯೂ ತಮ್ಮ ಚಿತ್ರಗಳನ್ನು ಬದಲಿಸುತ್ತವೆಯೇ, ಅಥವಾ ಅದೆಲ್ಲ ಪ್ರಚಾರದ ನಾಟಕವೇ ಎಂದು ನೀವು ಕೇಳಿದ್ದೀರಿ. ಬದಲಿಸುತ್ತವೆ. ಆದರೆ ಕೂಗು ದೊಡ್ಡದಾಯಿತೆಂಬ ಕಾರಣಕ್ಕೆ ಬದಲಿಸುವುದು ಅಪರೂಪ. ಆ ಬೇಡಿಕೆಯನ್ನು ಈಡೇರಿಸಿದರೆ ಸಂಸ್ಥೆಗೇ ಲಾಭ ಎಂದು ಒಳಗಿರುವ ಒಬ್ಬರು ಲೆಕ್ಕ ಹಾಕಿ ತೋರಿಸಬಲ್ಲ ಸ್ಥಿತಿ ಬಂದಾಗ ಬದಲಿಸುತ್ತವೆ ಎಂಬುದು ನನ್ನ ಅಭಿಪ್ರಾಯ. ನಾನು ಚಿತ್ರರಂಗದವನಲ್ಲ. ಕೇರಳದ ಗಡಿಯ ಕುಂಬಳೆಯವನು, ಮಲಯಾಳ ಚಿತ್ರಗಳನ್ನು ಕಾಸರಗೋಡಿನಲ್ಲಿ, ಕನ್ನಡ ಮತ್ತು ತುಳು ಚಿತ್ರಗಳನ್ನು ಹೆಚ್ಚಾಗಿ ಮಂಗಳೂರಿಗೆ ಹೋಗಿ ನೋಡುವವನು. ಎರಡು ಮಾರುಕಟ್ಟೆಗಳ ಅಂಚಿನಲ್ಲಿ ಕುಳಿತ ಪ್ರೇಕ್ಷಕನಿಗೆ, ಯಾರ ಕೂಗು ಲೆಕ್ಕಕ್ಕೆ ಬರುತ್ತದೆ, ಯಾರದು ಬರುವುದಿಲ್ಲ ಎಂಬುದು ಸ್ವಲ್ಪ ಬೇಗನೆ ಕಣ್ಣಿಗೆ ಬೀಳುತ್ತದೆ.

ಎಲ್ಲರೂ ಮೊದಲು ನೆನಪಿಸಿಕೊಳ್ಳುವುದು ‘ಸೋನಿಕ್ ದ ಹೆಡ್ಜ್‌ಹಾಗ್’ ಚಿತ್ರವನ್ನು. 2019ರ ಏಪ್ರಿಲ್ 30ರಂದು ಪ್ಯಾರಮೌಂಟ್ ಸಂಸ್ಥೆ ಅದರ ಟ್ರೇಲರನ್ನು ಹೊರಬಿಟ್ಟಾಗ, ವಿಡಿಯೊ ಗೇಮಿನಲ್ಲಿ ಮುದ್ದಾಗಿದ್ದ ನೀಲಿ ಬಣ್ಣದ ಆ ಪಾತ್ರಕ್ಕೆ ಚಿಕ್ಕ ಕಣ್ಣುಗಳೂ ಮನುಷ್ಯರಂಥ ಹಲ್ಲುಗಳೂ ಇದ್ದುದನ್ನು ಕಂಡು ಅಭಿಮಾನಿಗಳು ಹೌಹಾರಿದರು. ಎರಡೇ ದಿನಗಳಲ್ಲಿ ನಿರ್ದೇಶಕ ಜೆಫ್ ಫೌಲರ್ ಟ್ವಿಟರ್‌ನಲ್ಲಿ ವಿನ್ಯಾಸವನ್ನು ಬದಲಿಸುವುದಾಗಿ ಒಪ್ಪಿಕೊಂಡರು, ಬಿಡುಗಡೆಯನ್ನು ನವೆಂಬರ್‌ನಿಂದ 2020ರ ಫೆಬ್ರವರಿ 14ಕ್ಕೆ ಮುಂದೂಡಲಾಯಿತು, ಚಿತ್ರ ಜಗತ್ತಿನಾದ್ಯಂತ 30 ಕೋಟಿ ಡಾಲರ್‌ಗಿಂತ ಹೆಚ್ಚು ಗಳಿಸಿತು. ಬೇಕೆಂದೇ ಕೆಟ್ಟ ಗೊಂಬೆಯನ್ನು ತೋರಿಸಿ ಆಮೇಲೆ ಒಳ್ಳೆಯದನ್ನು ತಂದರು ಎಂಬ ಅನುಮಾನವನ್ನು ನಾನು ನಂಬುವುದಿಲ್ಲ; ಸಿದ್ಧಪಡಿಸಿದ ಗ್ರಾಫಿಕ್ಸ್ ದೃಶ್ಯಗಳನ್ನು ಹೊಸದಾಗಿ ಮಾಡಿಸಿ, ಮೂರು ತಿಂಗಳು ಬಿಡುಗಡೆಯನ್ನೇ ತಡಮಾಡುವಷ್ಟು ದುಬಾರಿಯಾದ ಪ್ರಚಾರವನ್ನು ಯಾವ ನಿರ್ಮಾಪಕನೂ ಯೋಜಿಸುವುದಿಲ್ಲ. ಇಲ್ಲಿ ಅಭಿಮಾನಿಗಳು ಗೆದ್ದದ್ದು ಬೇಡಿಕೆ ಸ್ಪಷ್ಟವಾಗಿದ್ದುದರಿಂದ. ಕಥೆಯನ್ನಾಗಲಿ ನಟರನ್ನಾಗಲಿ ಬದಲಿಸಬೇಕಾಗಿರಲಿಲ್ಲ, ಮತ್ತೆ ಚಿತ್ರೀಕರಿಸಬೇಕಾಗಿರಲಿಲ್ಲ. ಕಂಪ್ಯೂಟರ್‌ನಲ್ಲಿ ರೂಪಿಸಿದ ಒಂದು ಮುಖವನ್ನು ತಿದ್ದಿದರೆ ಸಾಕಿತ್ತು. ಆ ಮುಖವನ್ನು ತಿದ್ದಿದವರ ಸುದ್ದಿ ಮಾತ್ರ ಅಷ್ಟಾಗಿ ಹರಡಲಿಲ್ಲ. ಹೊಸ ವಿನ್ಯಾಸದ ಕೆಲಸದಲ್ಲಿ ತೊಡಗಿದ್ದ ಎಂಪಿಸಿ ಎಂಬ ಗ್ರಾಫಿಕ್ಸ್ ಸಂಸ್ಥೆಯ ವ್ಯಾಂಕೂವರ್ ಶಾಖೆ, ಚಿತ್ರ ತೆರೆಕಾಣುವ ಮೊದಲೇ, 2019ರ ಡಿಸೆಂಬರ್‌ನಲ್ಲಿ ಮುಚ್ಚಿತು. ಮಾರುಕಟ್ಟೆಯ ಒತ್ತಡವನ್ನು ಸಂಸ್ಥೆ ಕಾರಣವಾಗಿ ಹೇಳಿತ್ತು, ಅದಕ್ಕೆ ಅಭಿಮಾನಿಗಳು ಹೊಣೆಯಲ್ಲ. ಆದರೂ ಗೆಲುವಿನ ಸಂಭ್ರಮದಲ್ಲಿ ಆ ಕಲಾವಿದರ ನೆನಪು ಬಂದವರು ಕಡಿಮೆ.

‘ಜಸ್ಟಿಸ್ ಲೀಗ್’ ಎಂಬ ಸೂಪರ್‌ಹೀರೋ ಚಿತ್ರದ ಕಥೆ ಇದಕ್ಕಿಂತ ತೊಡಕಿನದು, ನಿಮ್ಮ ಪ್ರಶ್ನೆಗೆ ಹೆಚ್ಚು ಹತ್ತಿರದ್ದೂ ಹೌದು. ನಿರ್ದೇಶಕ ಝ್ಯಾಕ್ ಸ್ನೈಡರ್ ಮಗಳ ಸಾವಿನ ಬಳಿಕ 2017ರ ಮೇ ತಿಂಗಳಲ್ಲಿ ಚಿತ್ರದಿಂದ ಹೊರಬಂದರು. ಜಾಸ್ ವೀಡನ್ ಮರುಚಿತ್ರೀಕರಣ ನಡೆಸಿ ಮುಗಿಸಿಕೊಟ್ಟ ಚಿತ್ರ ಅದೇ ನವೆಂಬರ್‌ನಲ್ಲಿ ಬಿಡುಗಡೆಯಾಗಿ ನಿರಾಸೆ ಮೂಡಿಸಿತು. ಸ್ನೈಡರ್ ಅವರ ಮೂಲ ಆವೃತ್ತಿಯನ್ನು ಬಿಡುಗಡೆ ಮಾಡಿ ಎಂಬ ಹ್ಯಾಶ್‌ಟ್ಯಾಗ್ ಆಗ ಹುಟ್ಟಿಕೊಂಡಿತು. ಅಭಿಮಾನಿಗಳು ವಿಮಾನದ ಹಿಂದೆ ಫಲಕ ಹಾರಿಸಿದರು, ಜಾಹೀರಾತು ಫಲಕಗಳನ್ನು ಬಾಡಿಗೆಗೆ ಪಡೆದರು, ಆತ್ಮಹತ್ಯೆ ತಡೆಗಾಗಿ ದುಡಿಯುವ ಅಮೆರಿಕದ ಒಂದು ಪ್ರತಿಷ್ಠಾನಕ್ಕೆ ಕಾಲಕ್ರಮದಲ್ಲಿ 5 ಲಕ್ಷ ಡಾಲರ್‌ಗಿಂತಲೂ ಹೆಚ್ಚು ಸಂಗ್ರಹಿಸಿಕೊಟ್ಟರು. ಚಿತ್ರ ಬಿಡುಗಡೆಯಾಗಿ ಎರಡು ವರ್ಷ ತುಂಬಿದ ದಿನ ಅದರ ನಟರಾದ ಬೆನ್ ಆಫ್ಲೆಕ್ ಮತ್ತು ಗಾಲ್ ಗಡೋಟ್ ಅವರೇ ಆ ಹ್ಯಾಶ್‌ಟ್ಯಾಗ್ ಬಳಸಿದರು. ಇಷ್ಟಾದರೂ ಚಿತ್ರದ ನಿರ್ಮಾಣ ಸಂಸ್ಥೆ ವಾರ್ನರ್ ಎರಡೂವರೆ ವರ್ಷ ಜಗ್ಗಲಿಲ್ಲ. 2020ರ ಮೇ 20ರಂದು ಒಪ್ಪಿಗೆ ಹೊರಬಿತ್ತು; ಸಂಸ್ಥೆಯ ಹೊಸ ಒಟಿಟಿ ಎಚ್‌ಬಿಒ ಮ್ಯಾಕ್ಸ್ ಆರಂಭವಾಗಲು ಆಗ ಒಂದೇ ವಾರ ಉಳಿದಿತ್ತು. ಕೊರೋನಾದಿಂದ ಚಿತ್ರೀಕರಣಗಳೆಲ್ಲ ನಿಂತಿದ್ದ ಹೊತ್ತಿನಲ್ಲಿ, ಬಹುಪಾಲು ಮೊದಲೇ ಚಿತ್ರೀಕರಣವಾಗಿದ್ದ, ಚಂದಾದಾರರನ್ನು ಖಂಡಿತ ಸೆಳೆಯಬಲ್ಲ ಒಂದು ಸರಕು ಅವರ ಉಗ್ರಾಣದಲ್ಲೇ ಬಿದ್ದಿತ್ತು. 2021ರ ಮಾರ್ಚ್‌ನಲ್ಲಿ ನಾಲ್ಕು ಗಂಟೆಯ ಆ ಚಿತ್ರ ಒಟಿಟಿಯಲ್ಲಿ ಬಂತು. ಅದೇ ಅಭಿಮಾನಿಗಳು ಅದೇ ಹುರುಪಿನಿಂದ ಮುಂದಿನ ಭಾಗಗಳನ್ನು ಕೇಳಿದಾಗ ಸಂಸ್ಥೆಗೆ ಅಂಥ ಅಗತ್ಯವಿರಲಿಲ್ಲ. ಆ ಕಥಾಸರಣಿಯನ್ನೇ ಕೈಬಿಟ್ಟು ಜೇಮ್ಸ್ ಗನ್ ಅವರಿಂದ ಹೊಸ ಸೂಪರ್‌ಮ್ಯಾನ್ ಮಾಡಿಸಿದರು. ಕೂಗುವವರ ದನಿಯಲ್ಲಿ ವ್ಯತ್ಯಾಸವಿರಲಿಲ್ಲ, ಕೇಳುವವರ ಗರಜು ಬೇರೆಯಾಗಿತ್ತು.

ಇನ್ನೊಂದು ಸಂಗತಿಯನ್ನೂ ಮರೆಯಬಾರದು. ಸ್ನೈಡರ್ ಆವೃತ್ತಿಯ ಈ ಅಭಿಯಾನದ ಕುರಿತು ವಾರ್ನರ್‌ನ ಮಾತೃಸಂಸ್ಥೆ ಮಾಡಿಸಿದ್ದ ವರದಿಗಳನ್ನು ರೋಲಿಂಗ್ ಸ್ಟೋನ್ ಪತ್ರಿಕೆ 2022ರ ಜುಲೈಯಲ್ಲಿ ಬಯಲಿಗೆ ತಂದಿತು; ಇಂಥ ಚರ್ಚೆಗಳಲ್ಲಿ ಸಾಮಾನ್ಯವಾಗಿ ನೂರಕ್ಕೆ 3ರಿಂದ 5ರಷ್ಟು ನಕಲಿ ಖಾತೆಗಳಿದ್ದರೆ, ಇದರಲ್ಲಿ ಕನಿಷ್ಠ 13ರಷ್ಟಿದ್ದವು ಎಂದು ಅದರಲ್ಲಿತ್ತು. ಉಳಿದ 87ರಷ್ಟು ಜನ ನಿಜವಾದವರೇ ಎಂದು ವಾದಿಸಬಹುದು, ವಾದ ತಪ್ಪೂ ಅಲ್ಲ. ಆದರೆ ಟ್ರೆಂಡ್ ಪಟ್ಟಿಯನ್ನು ಜನಾಭಿಪ್ರಾಯವೆಂದು ಓದುವವರು ಈ ಅಂಕಿಯನ್ನು ಪಕ್ಕದಲ್ಲಿಟ್ಟುಕೊಳ್ಳುವುದು ಒಳ್ಳೆಯದು.

ನಗುವನ್ನು ಬೇಡಿಕೆಯೆಂದು ತಿಳಿದು ಸಂಸ್ಥೆಗಳು ಏಮಾರಿದ್ದೂ ಇದೆ. ‘ಸ್ನೇಕ್ಸ್ ಆನ್ ಎ ಪ್ಲೇನ್’ ಎಂಬ ಚಿತ್ರದ ಹೆಸರೇ ತಮಾಷೆಯಾಗಿ ಹಬ್ಬಿದಾಗ, ನ್ಯೂ ಲೈನ್ ಸಂಸ್ಥೆ ಐದು ದಿನ ಮರುಚಿತ್ರೀಕರಣ ನಡೆಸಿ ಅಂತರ್ಜಾಲದ ಮಂದಿ ಬಯಸಿದಷ್ಟು ಹಿಂಸೆ, ಬೈಗುಳಗಳನ್ನು ಸೇರಿಸಿತು. 2006ರಲ್ಲಿ ಚಿತ್ರ ಬಂದಾಗ ಚಿತ್ರಮಂದಿರಗಳು ನಿರೀಕ್ಷೆಯಂತೆ ತುಂಬಲಿಲ್ಲ. 2022ರಲ್ಲಿ ಸೋನಿ ಸಂಸ್ಥೆ ತನ್ನ ‘ಮೋರ್ಬಿಯಸ್’ ಚಿತ್ರದ ಕುರಿತ ಮೀಮ್‌ಗಳನ್ನು, ಅಂದರೆ ತಮಾಷೆಯ ಚಿತ್ರ-ಬರಹಗಳನ್ನು ಕಂಡು ಅದನ್ನು ಅಮೆರಿಕದ ಸಾವಿರಕ್ಕೂ ಹೆಚ್ಚು ಪರದೆಗಳಿಗೆ ಮತ್ತೆ ತಂದಿತು, ಮತ್ತೆ ಸೋತಿತು. ಮೀಮ್ ಮಾಡುವವನು ಚಿತ್ರ ನೋಡಿರಲೇಬೇಕೆಂದಿಲ್ಲ.

ನಮ್ಮ ಕಡೆಗೆ ಬಂದರೆ, ಪ್ರೇಕ್ಷಕರ ಮಾತಿಗೆ ನಿರ್ಮಾಪಕರು ಚೆನ್ನಾಗಿ ಕಿವಿಗೊಟ್ಟ ಉದಾಹರಣೆ ‘ಕಾಂತಾರ’. 2022ರ ಸೆಪ್ಟೆಂಬರ್ 30ರಂದು ಹೊಂಬಾಳೆ ಸಂಸ್ಥೆ ಅದನ್ನು ಕನ್ನಡದಲ್ಲಿ ಮಾತ್ರ ಬಿಡುಗಡೆ ಮಾಡಿತ್ತು. ಬೇರೆ ಭಾಷೆಯವರು ಉಪಶೀರ್ಷಿಕೆಯೊಂದಿಗೆ ನೋಡಿ ಹೊಗಳಿ, ತಮ್ಮ ಭಾಷೆಯಲ್ಲೂ ಬೇಕೆಂದು ಕೇಳತೊಡಗಿದ ಮೇಲೆ ಅಕ್ಟೋಬರ್ ಮಧ್ಯದ ಹೊತ್ತಿಗೆ ಹಿಂದಿ, ತೆಲುಗು, ತಮಿಳು ಆವೃತ್ತಿಗಳೂ, 20ರಂದು ಮಲಯಾಳ ನಟ ಪೃಥ್ವಿರಾಜ್ ಅವರ ಸಂಸ್ಥೆಯ ಮೂಲಕ ಮಲಯಾಳ ಆವೃತ್ತಿಯೂ ಬಂದವು. (ಭೂತಕೋಲವನ್ನೂ ತೆಯ್ಯವನ್ನೂ ಒಂದೇ ಊರಿನಲ್ಲಿ ನೋಡಿ ಬೆಳೆದ ನಮ್ಮ ಜಿಲ್ಲೆಯವರಿಗೆ ಯಾವ ಆವೃತ್ತಿಯಾದರೂ ಅರ್ಥವಾಗುತ್ತಿತ್ತು.) ಅದೇ ಚಿತ್ರದ ‘ವರಾಹ ರೂಪಂ’ ಹಾಡಿನ ವಿಷಯದಲ್ಲಿ ಮಾತ್ರ ಅಭಿಮಾನಿಗಳ ಒತ್ತಾಯ ನಡೆಯಲಿಲ್ಲ. ಕೃತಿಚೌರ್ಯದ ಆರೋಪದಿಂದಾಗಿ ಕೇರಳದ ನ್ಯಾಯಾಲಯಗಳಲ್ಲಿ ತಡೆಯಾಜ್ಞೆಯಿದ್ದುದರಿಂದ ಒಟಿಟಿಯಲ್ಲಿ ಹಾಡು ಬೇರೆ ರಾಗದಲ್ಲಿ ಬಂತು. ಹಳೆಯ ಹಾಡು ಬೇಕೆಂದು ಎಷ್ಟು ಜನ ಬರೆದರೂ, ತಡೆ ತೆರವಾದ ಬಳಿಕವೇ ಅದು ಮರಳಿತು. ಕಾನೂನು ಅಡ್ಡ ನಿಂತ ಕಡೆ ಹ್ಯಾಶ್‌ಟ್ಯಾಗ್ ಏನೂ ಮಾಡಲಾರದು.

ಕಾನೂನನ್ನೇ ಹಿಡಿದು ಹೊರಟವರು ಮಾತ್ರ ಹೆಚ್ಚು ಸಾಧಿಸಿದರು. ಬೇರೆ ಭಾಷೆಯ ಚಿತ್ರಗಳು ಕನ್ನಡಕ್ಕೆ ಡಬ್ಬಿಂಗ್ ಆಗಿ ಬರಬೇಕೆಂಬ ವಾದ ವರ್ಷಗಟ್ಟಲೆ ಅಂತರ್ಜಾಲದ ಕನ್ನಡಿಗರ ನಡುವೆ ಬೆಳೆಯಿತು, ಬೈಗುಳವನ್ನೂ ತಿಂದಿತು. ಆದರೆ ಅದು ಫಲ ಕೊಟ್ಟದ್ದು ಕನ್ನಡ ಗ್ರಾಹಕರ ಕೂಟ ಭಾರತೀಯ ಸ್ಪರ್ಧಾ ಆಯೋಗಕ್ಕೆ ದೂರು ಕೊಟ್ಟು, 2015ರಲ್ಲಿ ಆಯೋಗ ಕರ್ನಾಟಕ ಚಲನಚಿತ್ರ ವಾಣಿಜ್ಯ ಮಂಡಳಿ ಸೇರಿದಂತೆ ಕೆಲವು ಸಂಘಟನೆಗಳಿಗೆ ಡಬ್ಬಿಂಗ್‌ಗೆ ಅಡ್ಡಿಪಡಿಸಿದ್ದಕ್ಕಾಗಿ ದಂಡ ವಿಧಿಸಿದ ಮೇಲೆ. 2017ರಲ್ಲಿ ‘ಸತ್ಯದೇವ್ ಐಪಿಎಸ್’ ಎಂಬ ಡಬ್ಬಿಂಗ್ ಚಿತ್ರ ಕೆಲವೇ ಚಿತ್ರಮಂದಿರಗಳಲ್ಲಿ ಬಂತು. ಆದರೂ 2021ರ ಡಿಸೆಂಬರ್‌ನಲ್ಲಿ ‘ಪುಷ್ಪ’, 2022ರ ಮಾರ್ಚ್‌ನಲ್ಲಿ ‘ಆರ್‌ಆರ್‌ಆರ್’ ಬಿಡುಗಡೆಯಾದಾಗ ಕನ್ನಡ ಆವೃತ್ತಿಗೆ ಶೋಗಳು ತೀರ ಕಡಿಮೆ ಎಂದು ಸಿಟ್ಟಿಗೆದ್ದವರು ಬಹಿಷ್ಕಾರದ ಹ್ಯಾಶ್‌ಟ್ಯಾಗ್‌ಗಳನ್ನು ಟ್ರೆಂಡ್ ಮಾಡಬೇಕಾಯಿತು. ಬೆಂಗಳೂರಿನವರ ಆ ಸಿಟ್ಟಿಗೆ ಒಂದು ಬೆಲೆಯಿದೆ, ಏಕೆಂದರೆ ಕರ್ನಾಟಕದ ವಿತರಣಾ ಹಕ್ಕನ್ನು ಕೊಂಡ ವಿತರಕ ಅವರ ಟಿಕೆಟಿನ ಮೇಲೆ ಹಣ ಹೂಡಿದ್ದಾನೆ. ನಾವು ಕಾಸರಗೋಡಿನಿಂದ ಅದೇ ಹ್ಯಾಶ್‌ಟ್ಯಾಗ್ ಬರೆದರೆ? ನಮ್ಮ ಜಿಲ್ಲೆ ಕೇರಳದ ಹಕ್ಕಿಗೆ ಸೇರಿದ್ದು. ಆ ಹಕ್ಕನ್ನು ಕೊಂಡವರಿಗೆ ಮಲಯಾಳ ಆವೃತ್ತಿ ಮುಖ್ಯ. ಬೆಂಗಳೂರಿನ ವಿತರಕನ ಪುಸ್ತಕದಲ್ಲಿ ನಾವಿಲ್ಲ, ಕೊಚ್ಚಿಯವನ ಪುಸ್ತಕದಲ್ಲಿ ನಾವು ಕನ್ನಡದವರೆಂದು ದಾಖಲಾಗಿಲ್ಲ. ಅಭಿಯಾನಗಳ ಬಲವನ್ನು ಜನರ ಸಂಖ್ಯೆಯಿಂದ ಅಳೆಯುವುದು ಸಾಲದು, ಆ ಜನ ಯಾರ ಪ್ರದೇಶದಲ್ಲಿ ಟಿಕೆಟ್ ಕೊಳ್ಳುತ್ತಾರೆ ಎಂಬುದನ್ನೂ ನೋಡಬೇಕು ಎಂದು ನಾನು ಹೇಳುವುದು ಇದರಿಂದಲೇ.

ಡಾ. ರಾಜ್‌ಕುಮಾರ್ ಅಭಿಮಾನಿಗಳನ್ನು ದೇವರುಗಳೆಂದು ಕರೆದರು. ದೇವರು ಕಥೆಯನ್ನೂ ತಿದ್ದಬೇಕೆಂದು ಅವರು ಎಲ್ಲೂ ಹೇಳಿದಂತಿಲ್ಲ. ಈಗಿನ ಒತ್ತಡ ಅಲ್ಲಿಗೂ ಹೋಗುತ್ತದೆ. 2022ರ ಅಕ್ಟೋಬರ್‌ನಲ್ಲಿ ‘ಆದಿಪುರುಷ್’ ಟೀಸರ್‌ನ ಗ್ರಾಫಿಕ್ಸ್ ಅಪಹಾಸ್ಯಕ್ಕೀಡಾಗಿ ಚಿತ್ರವನ್ನು ಜನವರಿಯಿಂದ 2023ರ ಜೂನ್‌ಗೆ ಮುಂದೂಡಿದರು, ಬಿಡುಗಡೆಯ ಮೇಲೆ ಟೀಕೆಗೆ ಹೆದರಿ ಸಂಭಾಷಣೆಗಳನ್ನೂ ಬದಲಿಸಿದರು, ಚಿತ್ರ ಸುಧಾರಿಸಲಿಲ್ಲ. ಅಡಿಪಾಯವೇ ಸರಿಯಿಲ್ಲದಾಗ ತೇಪೆ ಕೆಲಸಕ್ಕೆ ಬರುವುದಿಲ್ಲ.

ನನಗೆ ಹೆಚ್ಚು ಕಳವಳ ತಂದದ್ದು 2025ರ ಮಾರ್ಚ್ 27ರಂದು ಬಂದ ಮಲಯಾಳ ಚಿತ್ರ ‘ಎಂಪುರಾನ್’. ಸೆನ್ಸಾರ್ ಪ್ರಮಾಣಪತ್ರ ಪಡೆದೇ ತೆರೆಕಂಡಿದ್ದ ಆ ಚಿತ್ರದಲ್ಲಿ ಗುಜರಾತ್ ಗಲಭೆಯನ್ನು ನೆನಪಿಸುವ ದೃಶ್ಯಗಳಿವೆಯೆಂದು ಸಾಮಾಜಿಕ ಜಾಲತಾಣಗಳಲ್ಲಿ ಆಕ್ರೋಶ ಎದ್ದಾಗ, ಕೆಲವೇ ದಿನಗಳಲ್ಲಿ ನಾಯಕನಟ ಮೋಹನ್‌ಲಾಲ್ ವಿಷಾದ ವ್ಯಕ್ತಪಡಿಸಿದರು, ನಿರ್ಮಾಪಕರು ತಾವಾಗಿಯೇ 24 ಕಡೆ ಕತ್ತರಿ ಆಡಿಸಿದರು, ಖಳನಾಯಕನ ಹೆಸರನ್ನೂ ಬದಲಿಸಿದರು. ಮೊದಲ ದಿನಗಳಲ್ಲಿ ನೋಡಿದವರಿಗೆ ಒಂದು ಚಿತ್ರ, ಮುಂದಿನ ವಾರ ನೋಡಿದವರಿಗೆ ಇನ್ನೊಂದು ಚಿತ್ರ ಸಿಕ್ಕಿತು. ಇದನ್ನು ಅಭಿಮಾನಿಗಳ ಅಭಿಯಾನ ಎನ್ನಲಾಗದು ಎಂದು ನೀವು ಹೇಳಬಹುದು. ಆದರೆ ನಷ್ಟದ ಭಯವನ್ನು ಒಳಗಿನವರ ಮುಂದಿಟ್ಟು ತೀರ್ಮಾನ ಬದಲಿಸುವ ದಾರಿ ಎರಡಕ್ಕೂ ಒಂದೇ, ಸೋನಿಕ್‌ನ ಹಲ್ಲುಗಳನ್ನು ತಿದ್ದಿಸಿದ ದಾರಿಯಲ್ಲೇ ಈ ಕತ್ತರಿಯೂ ಬಂತು.

ಹಾಗಾಗಿ ನೀವು ಯಾವುದಾದರೂ ಅಭಿಯಾನಕ್ಕೆ ಸೇರುವ ಯೋಚನೆಯಲ್ಲಿದ್ದರೆ, ಕೇಳುತ್ತಿರುವುದನ್ನು ಇನ್ನೂ ಬದಲಿಸಲು ಸಾಧ್ಯವಿದೆಯೇ, ಅದನ್ನು ಬದಲಿಸುವ ಅಧಿಕಾರ ಯಾರ ಕೈಯಲ್ಲಿದೆ ಎಂದು ಮೊದಲು ವಿಚಾರಿಸಿಕೊಳ್ಳಿ. ನಾಯಕನಟನ ಖಾತೆಯ ಕೆಳಗೆ ಬರೆಯುವ ಸಾವಿರ ಪ್ರತಿಕ್ರಿಯೆಗಳಿಗಿಂತ, ಶುಕ್ರವಾರದ ಶೋಗಳನ್ನು ಹಂಚುವ ಮೊದಲು ವಿತರಕನಿಗೂ ಚಿತ್ರಮಂದಿರದವರಿಗೂ ತಲುಪುವ ನೂರು ವಿಚಾರಣೆಗಳಿಗೆ ಹೆಚ್ಚು ತೂಕವಿರುತ್ತದೆ. ಇಲ್ಲಿ ಕನ್ನಡ ಚಿತ್ರಕ್ಕೆ ಒಂದು ಶೋ ಬೇಕೆಂದು ಕೇಳುವ ಗೆಳೆಯರಿಗೂ ನಾನು ಹೇಳುವುದು ಇದನ್ನೇ: ಸೋಮವಾರ, ಮಂಗಳವಾರವೇ ಕೇಳಿ, ಎಷ್ಟು ಮಂದಿ ಬರುತ್ತೀರೆಂದು ಲೆಕ್ಕ ಕೊಡಿ, ಹೇಳಿದಷ್ಟು ಮಂದಿ ತಪ್ಪದೆ ಹೋಗಿ.