ಉ: ಕನ್ನಡಕಕ್ಕೆ 150 ಡಾಲರ್ ಕವರ್ ಇದ್ದರೂ ಕೈಯಿಂದ 210 ಯಾಕೆ?

230 ಡಾಲರಿನ ಫ್ರೇಮ್ ಆರಿಸಿದ್ದಕ್ಕೆ ಇನ್ನೂ 210 ಕೇಳ್ತಿದ್ದಾರೆ, ಮೋಸವಾ ಅಂತ ಕೇಳಿದ್ದೀರಿ. ಮೋಸ ಇರಲಿಕ್ಕಿಲ್ಲ ಸರ್. ಅಮೆರಿಕದ ವಿಷನ್ ಇನ್ಶೂರೆನ್ಸ್ ಹೆಚ್ಚುಕಡಿಮೆ ಡಿಸ್ಕೌಂಟ್ ಕೂಪನ್ ಥರ. ಆ 150 ಬರೀ ಫ್ರೇಮ್‌ಗೆ. ಮಿಕ್ಕ 80ರ ಮೇಲೆ ಸಾಮಾನ್ಯವಾಗಿ 20% ರಿಯಾಯಿತಿ, ಅಂದರೆ ನೀವು ಕೊಡೋದು 64. ಲೆನ್ಸ್ ಕೋಪೇ (ಇನ್ಶೂರೆನ್ಸ್ ಇದ್ದರೂ ನೀವು ಕೊಡಬೇಕಾದ ನಿಗದಿತ ಪಾಲು) 25 ಅಂತಿಟ್ಟುಕೊಂಡರೂ 89 ಆಯಿತು.

210ರಲ್ಲಿ ಉಳಿದದ್ದು ಬಹುಶಃ ಲೆನ್ಸಿನ ಮೇಲಿನ ಅಲಂಕಾರ! ಆ ಕೋಪೇಯಲ್ಲಿ ಸಾಮಾನ್ಯವಾಗಿ ಬರೋದು ಸಾದಾ ಪ್ಲಾಸ್ಟಿಕ್ ಸಿಂಗಲ್ ವಿಷನ್ (ಒಂದೇ ಪವರಿನದು), ಗೆರೆ ಕಾಣುವ ಬೈಫೋಕಲ್ (ದೂರಕ್ಕೂ ಹತ್ತಿರಕ್ಕೂ ಎರಡು ಪವರಿನದು), ಇಂಥವು. ಪ್ರೋಗ್ರೆಸಿವ್ (ಗೆರೆ ಕಾಣದೆ ಪವರ್ ಬದಲಾಗುವ ಲೆನ್ಸ್), ಆಂಟಿ-ಗ್ಲೇರ್ (ಬೆಳಕಿನ ಪ್ರತಿಫಲನ ತಗ್ಗಿಸುವ ಲೇಪ), ತೆಳು ಲೆನ್ಸ್‌ಗೆ ಹೆಚ್ಚಾಗಿ ಬೇರೆ ಬೇರೆ ದುಡ್ಡು. ಐಟಂವಾರು ಬಿಲ್ ಕೇಳಿ, ಬ್ಲೂ-ಲೈಟ್ ಕೋಟಿಂಗ್ ಇದ್ದರೆ ಮುಲಾಜಿಲ್ಲದೆ ತೆಗೆಸಿ. ಆಂಟಿ-ಗ್ಲೇರ್ ಮಾತ್ರ ಇರಲಿ, ರಾತ್ರಿ ಡ್ರೈವಿಂಗ್‌ಗೆ ಬೇಕು.

ಅಷ್ಟಾದರೂ ದುಬಾರಿ ಅನ್ನಿಸಿದರೆ ಆನ್‌ಲೈನಲ್ಲಿ ಮಾಡಿಸಿ. ಕಣ್ಣು ಪರೀಕ್ಷೆ ಮುಗಿದ ಕೂಡಲೇ ಪ್ರಿಸ್ಕ್ರಿಪ್ಷನ್ ಪ್ರತಿ ಕೊಡಲೇಬೇಕು ಅಂತ ಫೆಡರಲ್ ನಿಯಮವಿದೆ, ಅದಕ್ಕೆ ಬೇರೆ ಫೀ ಇಲ್ಲ. ಪಿಡಿ (ಎರಡು ಕಣ್ಣಿನ ಪಾಪೆಗಳ ನಡುವಿನ ದೂರ) ಅಳತೆಯನ್ನು ಮಾತ್ರ ನೀವೇ ಕೇಳಿ ಬರೆಸಿಕೊಳ್ಳಿ. ಔಟ್-ಆಫ್-ನೆಟ್‌ವರ್ಕ್ ಕ್ಲೇಮ್‌ನಲ್ಲಿ (ಇನ್ಶೂರೆನ್ಸ್‌ನ ಪಟ್ಟಿಯಲ್ಲಿಲ್ಲದ ಅಂಗಡಿಯ ಬಿಲ್‌ಗೆ ಕೇಳುವ ಹಣ) ಸ್ವಲ್ಪ ವಾಪಸ್ ಬರುತ್ತಾ ಪ್ಲಾನ್‌ನಲ್ಲಿ ನೋಡಿ, ಉಳಿದದ್ದಕ್ಕೆ ಎಫ್‌ಎಸ್‌ಎ (ವೈದ್ಯಕೀಯ ಖರ್ಚಿಗೆ ಸಂಬಳದಿಂದ ತೆರಿಗೆ ಇಲ್ಲದೆ ಎತ್ತಿಡುವ ಖಾತೆ) ಇದ್ದರೆ ಆ ದುಡ್ಡು ಬಳಸಬಹುದು.