ಸೀನು ತರಿಸುವುದು ಆ ಹಳದಿ ಹೂವಲ್ಲ

ಪ್ರಶ್ನೆ: ನಾವು ದಾವಣಗೆರೆಯವರು, ಮೂರು ವರ್ಷದಿಂದ ಅಮೆರಿಕದ ನ್ಯೂಜೆರ್ಸಿಯಲ್ಲಿದ್ದೇವೆ. ಆಗಸ್ಟ್ ಕೊನೆಗೆ ಹಿತ್ತಲ ಬೇಲಿಯುದ್ದಕ್ಕೂ ಗೋಲ್ಡನ್‌ರಾಡ್ ಎಂಬ ಹಳದಿ ಹೂವು ಅರಳುತ್ತಿದ್ದಂತೆ ನನಗೆ ಸೀನು, ಕಣ್ಣುರಿ ಶುರುವಾಗುತ್ತದೆ. ಗಿಡಗಳನ್ನು ಬುಡಸಮೇತ ಕೀಳಿಸಬೇಕೇ?

ಉತ್ತರ: ದಯವಿಟ್ಟು ಕೀಳಿಸಬೇಡಿ. ನಿಮ್ಮ ತೊಂದರೆಗೆ ಕಾರಣ ಬಹುಮಟ್ಟಿಗೆ ಈ ಹೂವಲ್ಲ; ಅದೇ ದಿನಗಳಲ್ಲಿ, ಅಂಥದೇ ಪಾಳು ನೆಲದಲ್ಲಿ, ಯಾರ ಗಮನಕ್ಕೂ ಬಾರದೆ ಹೂಬಿಡುವ ರ್‍ಯಾಗ್‌ವೀಡ್ ಎಂಬ ಕಳೆ.

ಗೋಲ್ಡನ್‌ರಾಡ್‌ನ ಒಂದು ತೆನೆಯನ್ನು ಕಣ್ಣ ಹತ್ತಿರ ಹಿಡಿದು ನೋಡಿ. ದೂರದಿಂದ ಹಳದಿ ಗರಿಯಂತೆ ಕಾಣುವ ಅದರಲ್ಲಿ ಅಕ್ಕಿಕಾಳಿನಷ್ಟು ಚಿಕ್ಕವಾದ ನೂರಾರು ಹೂಗಳಿದ್ದು, ಒಂದೊಂದೂ ಪುಟಾಣಿ ಸೇವಂತಿಗೆಯ ಹಾಗಿರುತ್ತದೆ. ಆ ಬಣ್ಣವೂ ಮಕರಂದವೂ ಕೀಟಗಳನ್ನು ಕರೆಯಲೆಂದೇ ಇರುವಂಥವು. ಪರಾಗ ಭಾರವಾಗಿ, ಅಂಟಂಟಾಗಿರುವುದರಿಂದ ಜೇನ್ನೊಣದ ಕಾಲಿಗೆ ಮೆತ್ತಿಕೊಂಡು ಸಾಗುತ್ತದೆಯೇ ಹೊರತು ಗಾಳಿಯಲ್ಲಿ ಹೆಚ್ಚು ದೂರ ತೇಲುವುದಿಲ್ಲ. ರ್‍ಯಾಗ್‌ವೀಡ್ ಕೂಡ ಸೇವಂತಿಗೆಯ ಕುಟುಂಬದ್ದೇ ಆದರೂ ಗಾಳಿಯನ್ನೇ ನಂಬಿದ ಗಿಡ. ಅದರ ಹೂವಿಗೆ ಹಳದಿ ಎಸಳಿಲ್ಲ; ತೆನೆಯಲ್ಲಿ ತಲೆಕೆಳಗಾಗಿ ತೂಗುವ ಹಸಿರು ಬಟ್ಟಲುಗಳಿಂದ ಒಣ ಪರಾಗ ಉದುರುತ್ತದೆ, ಒಂದು ಹಂಗಾಮಿನಲ್ಲಿ ಒಂದೇ ಗಿಡದಿಂದ ನೂರು ಕೋಟಿ ಕಣಗಳವರೆಗೂ.

ದಾವಣಗೆರೆಯವರಾದ ನಿಮಗೆ ಅದನ್ನು ಗುರುತಿಸುವುದು ಕಷ್ಟವಾಗಲಾರದು. ನಮ್ಮ ರಸ್ತೆಬದಿಯ ಕಾಂಗ್ರೆಸ್ ಗಿಡ, ಅಂದರೆ ಪಾರ್ಥೇನಿಯಂ, ರ್‍ಯಾಗ್‌ವೀಡ್‌ಗೆ ತೀರ ಹತ್ತಿರದ ಸಂಬಂಧಿ. ಎರಡರ ಎಲೆಯೂ ಹಾಗೆಯೇ ಸೀಳುಸೀಳಾಗಿರುತ್ತದೆ. ಒಂದರ ಪರಾಗ ಒಗ್ಗದವರಿಗೆ ಇನ್ನೊಂದರದ್ದೂ ಒಗ್ಗದಿರುವ ಸಂಭವವಿದೆ. ಊರಿನಲ್ಲಿದ್ದಾಗ ಕಾಂಗ್ರೆಸ್ ಗಿಡದಿಂದ ತುರಿಕೆ, ಸೀನು ಬರುತ್ತಿದ್ದರೆ ಅದನ್ನು ಅಲರ್ಜಿ ವೈದ್ಯರಿಗೆ ತಪ್ಪದೆ ಹೇಳಿ. ನಿಜವಾಗಿ ಯಾವ ಪರಾಗ ಒಗ್ಗುವುದಿಲ್ಲವೆಂಬುದು ಚರ್ಮದ ಪರೀಕ್ಷೆಯಿಂದ ತಿಳಿಯುತ್ತದೆ.

ಕೀಳುವುದಾದರೆ ರ್‍ಯಾಗ್‌ವೀಡನ್ನು ಕೀಳಿಸಿ. ಅದು ವರ್ಷಕ್ಕೊಮ್ಮೆ ಬೀಜದಿಂದಲೇ ಹುಟ್ಟುವ ಗಿಡವಾದ್ದರಿಂದ, ಜುಲೈನಲ್ಲಿ, ಹೂಬಿಡುವ ಮೊದಲೇ ಬೇರುಸಹಿತ ಕಿತ್ತರೆ ಆ ಗಿಡದ ಕಥೆ ಮುಗಿಯಿತು. ಕೈಗವಸು ಹಾಕಿಕೊಳ್ಳಬೇಕು, ನೀವೇ ಕೀಳುವುದಕ್ಕಿಂತ ಅಲರ್ಜಿಯಿಲ್ಲದವರಿಂದ ಕೀಳಿಸುವುದು ಮೇಲು. ಗೋಲ್ಡನ್‌ರಾಡ್ ಹಾಗಲ್ಲ, ಅದು ಬಹುವಾರ್ಷಿಕ: ಚಳಿಗಾಲದಲ್ಲಿ ಕಾಂಡ ಒಣಗಿದರೂ ನೆಲದೊಳಗಿನ ಗೆಡ್ಡೆಬೇರು ಬದುಕಿದ್ದು, ಉಳಿದ ಒಂದು ತುಂಡಿನಿಂದಲೂ ಮತ್ತೆ ಚಿಗುರುತ್ತದೆ. ಅಷ್ಟು ಶ್ರಮಪಟ್ಟು ಅದನ್ನು ತೆಗೆದರೂ ನಿಮ್ಮ ಸೀನು ನಿಲ್ಲದು; ನಷ್ಟವಾಗುವುದು ಚಳಿಗಾಲಕ್ಕೆಂದು ಜೇನು ಕೂಡಿಡುವ ನೊಣಗಳಿಗೆ ಮತ್ತು ಮೆಕ್ಸಿಕೋದ ಕಡೆಗೆ ಹಾರುವ ದಾರಿಯಲ್ಲಿ ಇದರ ಮಕರಂದ ಹೀರಲು ಇಳಿಯುವ ಮೊನಾರ್ಕ್ ಚಿಟ್ಟೆಗಳಿಗೆ.